ಮಣ್ಣಿನ ಸದ್ದಿಗೆ ಕೇಳದೆ ಹೋದ ಮಾತು

ಅವನನ್ನು ಎಲ್ಲರೂ ಆರೂವರೆ ಎಂದೇ ಕರೆಯುತ್ತಿದ್ದರು. ದೊಡ್ಡವರ ಬಾಯಲ್ಲಿ ಆರೂವರೆ, ಚಿಕ್ಕವರ ಬಾಯಲ್ಲಿ ಆರೂವರೆಯಣ್ಣ. ಚರ್ಚಿನ ಹಿಂದಿನ ಸ್ಮಶಾನದಲ್ಲಿ ಮೂವತ್ತೊಂದು ವರ್ಷದಿಂದ ಗುಂಡಿ ತೋಡುತ್ತಿದ್ದ ಈ ಮನುಷ್ಯ ಅಷ್ಟು ವರ್ಷದಲ್ಲಿ ಒಂದು ದಿನವೂ ಟೇಪು ಹಿಡಿದವನಲ್ಲ. ನೆಲದ ಮೇಲೆ ನಾಲ್ಕು ಹೆಜ್ಜೆ ಇಟ್ಟು, ಸಲಿಕೆಯ ತುದಿಯಿಂದ ಗೀರು ಎಳೆದರೆ ಮುಗಿಯಿತು. ಉದ್ದ ಆರೂವರೆ ಅಡಿ, ಅಗಲ ಎರಡೂವರೆ, ಒಂದು ಬೆರಳು ಆಚೆ ಇಲ್ಲ, ಈಚೆ ಇಲ್ಲ. ಚರ್ಚಿನ ಕಾರ್ಯದರ್ಶಿ ಒಮ್ಮೆ ಪಂಥ ಕಟ್ಟಿ ಅಳೆದು ನೋಡಿ ಸೋತಿದ್ದರು. ಹೆಸರು ಬಿದ್ದದ್ದು ಅಂದಿನಿಂದ.

ಆ ಸ್ಮಶಾನಕ್ಕೊಂದು ಕಟ್ಟಳೆ ಇತ್ತು. ಯಾವಾಗಲೂ ಒಂದು ಗುಂಡಿ ತಯಾರಿರಬೇಕು. ನೆಲದಲ್ಲಿ ಕಲ್ಲು ಜಾಸ್ತಿ, ಹಾರೆ ಹಾಕಿ ಎಬ್ಬಿಸಿ ತೋಡಿ ಮುಗಿಸಲು ಎರಡು ದಿನ ಬೇಕು; ಸಾವು ಎರಡು ದಿನ ಮುಂಚೆ ಹೇಳಿ ಕಳಿಸುವುದಿಲ್ಲವಲ್ಲ. ಹಾಗಾಗಿ ಒಬ್ಬರನ್ನು ಮಣ್ಣು ಮಾಡಿದ ಮಾರನೆಯ ಬೆಳಿಗ್ಗೆಯೇ ಅವನು ಮುಂದಿನ ಗುಂಡಿಗೆ ಕೈ ಹಾಕುತ್ತಿದ್ದ. ತೋಡಿ, ಮೇಲೆ ಹಲಗೆ ಮುಚ್ಚಿ, ಹಲಗೆಗಳ ಮೇಲೆ ಕಲ್ಲು ಹೇರಿ ಬರುತ್ತಿದ್ದ. ಅದು ಯಾರಿಗೆಂದು ಯಾರಿಗೂ ಗೊತ್ತಿರುತ್ತಿರಲಿಲ್ಲ. ಭಾನುವಾರ ಆರಾಧನೆಗೆ ಬರುವವರು ಆ ಹಲಗೆಗಳ ಕಡೆ ಕಣ್ಣು ಹಾಯಿಸದೆ ದಾಟಿಹೋಗುತ್ತಿದ್ದರು. ನಾಲ್ಕು ದಿನದಿಂದ ಕೆಮ್ಮು ಬಿಡದವರಂತೂ ಸುತ್ತು ಬಳಸಿ ಮುಂಬಾಗಿಲಿನಿಂದಲೇ ಬರುತ್ತಿದ್ದರು.

ಇನ್ನೊಂದು ರೂಢಿಯೂ ಇತ್ತು. ಹಿಂದಿನ ಕಾಲದ ಪಾಸ್ಟರೊಬ್ಬರಿಗೆ ಗುಂಡಿಯ ಮುಂದಿನ ಮೌನ ತಡೆಯಲಾಗುತ್ತಿರಲಿಲ್ಲವಂತೆ. ಓದು ಮುಗಿಯುವವರೆಗೆ ಕಾಯುವುದು ಬೇಡ, ಅರ್ಧದಲ್ಲೇ ಮಣ್ಣು ಎಳೆಯಲು ಶುರುಮಾಡು ಎಂದು ಅವರು ಅಪ್ಪಣೆ ಕೊಟ್ಟಿದ್ದರು. ಅದೇ ನಡೆದುಕೊಂಡು ಬಂತು. ಪಾಸ್ಟರು ಪ್ರಾರ್ಥನೆ ಪುಸ್ತಕದ ಕೊನೆಯ ಹಾಳೆ ತೆರೆದು ಓದುತ್ತಾರೆ. ಆರೂವರೆ ಎರಡು ಮಾರು ಹಿಂದೆ ತಲೆ ತಗ್ಗಿಸಿ ನಿಂತಿರುತ್ತಾನೆ. “ಈ ದೇಹವನ್ನು ನೆಲಕ್ಕೆ ಒಪ್ಪಿಸುತ್ತೇವೆ, ಆದರೆ” ಎಂಬಲ್ಲಿಗೆ ಓದು ಬಂದ ಕೂಡಲೇ ಅವನು ಸಲಿಕೆ ಎತ್ತುತ್ತಾನೆ. ಅಲ್ಲಿಂದ ಮುಂದೆ ಪೆಟ್ಟಿಗೆಯ ಮೇಲೆ ಕಲ್ಲುಮಣ್ಣು ಬೀಳುವ ಸದ್ದು. ಆ ‘ಆದರೆ’ಯ ಮುಂದೆ ಏನಿದೆ ಎಂದು ಅವನು ಕೇಳಿಸಿಕೊಂಡದ್ದೇ ಇಲ್ಲ. ಕೇಳಬೇಕೆಂದು ಅನಿಸಿದ್ದೂ ಇಲ್ಲ. ಅವನ ಮಟ್ಟಿಗೆ ಅದು ಕೆಲಸ ಶುರುವಾಗುವ ಗಂಟೆ, ಅಷ್ಟೇ.

ಅವನ ಹೆಂಡತಿ ದರ್ಜಿ. ಮನೆಯ ಮುಂದಿನ ಕೋಣೆಯಲ್ಲಿ ಮೆಷಿನ್ ಇಟ್ಟುಕೊಂಡು ಶಾಲೆಯ ಯೂನಿಫಾರ್ಮು, ಪಾಲಿಕ್ಲಿನಿಕ್ಕಿನ ಪರದೆ, ಸಭೆಯ ಹುಡುಗಿಯರ ಮದುವೆಯ ಗೌನು ಎಲ್ಲ ಹೊಲಿಯುತ್ತಿದ್ದಳು. ಐದಡಿಯ ಮೇಲೆ ಒಂದಿಂಚೂ ಇಲ್ಲದ ಹೆಂಗಸು, ಮಾತು ಮಾತ್ರ ಮೂರಾಳುದ್ದ. “ನಾನು ಬದುಕಿದವರ ಅಳತೆ ತಗೊಳ್ತೀನಿ, ನಮ್ಮವರು ಸತ್ತವರದ್ದು. ಇಬ್ಬರ ಕೈಗೂ ಸಿಗದೆ ತಪ್ಪಿಸ್ಕೊಂಡೋರು ಈ ಪೇಟೆಯಲ್ಲಿ ಯಾರೂ ಇಲ್ಲ” ಎಂದು ಬಂದವರನ್ನೆಲ್ಲ ನಗಿಸುತ್ತಿದ್ದಳು. ಮಕ್ಕಳಿರಲಿಲ್ಲ. ಆ ಕೊರಗನ್ನು ಇಬ್ಬರೂ ಎಂದೋ ಮಾತಾಡಿ ಮುಗಿಸಿದ್ದರು.

ಒಂದು ಸೋಮವಾರ ಅವಳು ಹೊಟ್ಟೆನೋವೆಂದು ಆಸ್ಪತ್ರೆಗೆ ಹೋಗಿಬಂದಳು. ಒಳಗೆ ಗಡ್ಡೆ ಇದೆ, ತೆರೆದು ನೋಡದೆ ಅದು ಎಂಥದೆಂದು ಹೇಳಲಾಗುವುದಿಲ್ಲ ಎಂದರಂತೆ. ಹದಿನೆಂಟು ದಿನ ಬಿಟ್ಟು ಆಪರೇಷನ್ ಎಂದು ಚೀಟಿ ಬರೆದುಕೊಟ್ಟಿದ್ದರು. ಅವಳು ಆ ಚೀಟಿಯನ್ನು ಮೆಷಿನ್ನಿನ ಡ್ರಾಯರಿಗೆ ಹಾಕಿ, ಅರ್ಧಕ್ಕೆ ಬಿಟ್ಟಿದ್ದ ತೋಳಿಗೆ ಹೊಲಿಗೆ ಹಾಕಲು ಕುಳಿತಳು. ಅವನು ಸಲಿಕೆ ಹೆಗಲಿಗೇರಿಸಿ ಸ್ಮಶಾನಕ್ಕೆ ಹೋದ. ಹಿಂದಿನ ದಿನವಷ್ಟೇ ಒಬ್ಬರನ್ನು ಮಣ್ಣು ಮಾಡಿದ್ದರಿಂದ ಮುಂದಿನ ಗುಂಡಿ ತೋಡುವುದಿತ್ತು.

ಆ ಗುಂಡಿ ಬೇಕಾದದ್ದು ಬುಧವಾರ, ನಿವೃತ್ತ ಪೋಸ್ಟ್‌ಮಾಸ್ಟರಿಗೆ. ಮಧ್ಯಾಹ್ನ ಮೂರು ಗಂಟೆ, ಚುರುಕು ಬಿಸಿಲು, ಎಂಬತ್ತು ಜನ ಸುತ್ತ ನಿಂತಿದ್ದರು. ನಾಲ್ವರು ಹಗ್ಗ ಹಿಡಿದು ಪೆಟ್ಟಿಗೆಯನ್ನು ಇಳಿಸಿದರು. ಪೆಟ್ಟಿಗೆಯ ತಲೆಯ ಕಡೆ ಇಳಿಯಿತು, ಕಾಲಿನ ಕಡೆ ಇಳಿಯಲಿಲ್ಲ. ಇನ್ನೊಮ್ಮೆ ಎತ್ತಿ ಇಳಿಸಿದರೆ ಕಾಲಿನ ಕಡೆ ಇಳಿದು ತಲೆಯ ಕಡೆ ಸಿಕ್ಕಿಹಾಕಿಕೊಂಡಿತು. ಪೆಟ್ಟಿಗೆ ಓರೆಯಾಗಿ ನಿಂತು, ಒಳಗೆ ಪೋಸ್ಟ್‌ಮಾಸ್ಟರು ಮೆಲ್ಲಗೆ ಒಂದು ಬದಿಗೆ ಜಾರಿದ ಸದ್ದು ಎಲ್ಲರಿಗೂ ಕೇಳಿಸಿತು.

“ಏನಣ್ಣಾ ಇದು?” ಎಂದರು ಪಾಸ್ಟರು. ವಯಸ್ಸಿನಲ್ಲಿ ಅವನಿಗಿಂತ ತುಂಬ ಚಿಕ್ಕವರು, ಬೈದು ಅಭ್ಯಾಸವಿರಲಿಲ್ಲ.

ಪೆಟ್ಟಿಗೆಯನ್ನು ಮೇಲೆತ್ತಿಸಿ, ಆರೂವರೆ ಗುಂಡಿಗಿಳಿದು ಎರಡು ಗಂಟೆ ಪಿಕಾಸಿ ಹಾಕಿದ. ಮೇಲೆ ಪೋಸ್ಟ್‌ಮಾಸ್ಟರ ಮಗಳು ಅಳುವುದನ್ನೂ ಬಿಟ್ಟು ಅವನನ್ನೇ ನೋಡುತ್ತಿದ್ದಳು. ಒಂದಡಿ ಪೂರ್ತಿ ಕಡಿಯಬೇಕಾಯಿತು. ಮೂವತ್ತೊಂದು ವರ್ಷದಲ್ಲಿ ಗುಂಡಿ ಸಾಲದೆ ಹೋದದ್ದು ಇದೇ ಮೊದಲು. ಮನೆಯಲ್ಲಿ ಕಾಯಿಲೆ, ತಲೆ ಕೆಟ್ಟಿರಬೇಕು ಪಾಪ, ಎಂದು ಜನ ಆಡಿಕೊಂಡರು. ಅವನೂ ಹಾಗೇ ಸಮಾಧಾನ ಮಾಡಿಕೊಂಡು, ಮಾರನೆಯ ದಿನ ಹೆಂಡತಿಯ ಟೇಪನ್ನು ಕೇಳಿ ತೆಗೆದುಕೊಂಡು ಹೋದ. ನಾಲ್ಕು ಗೂಟ ಹೊಡೆದು, ದಾರ ಎಳೆದು, ಆರೂವರೆ ಅಡಿ ಗುರುತು ಮಾಡಿ ತೋಡಲು ಶುರುಮಾಡಿದ.

ಶುಕ್ರವಾರ ಸಂಜೆ, ಇನ್ನೂ ಬೆಳಕಿರುವಾಗಲೇ, ಗುಂಡಿ ಮುಗಿಯಿತು. ಏಣಿ ಹತ್ತಿ ಮೇಲೆ ಬಂದು ನೋಡಿದ. ಗೂಟಗಳು ಇಟ್ಟಲ್ಲೇ ಇದ್ದವು. ದಾರ ಬಿಗಿಯಾಗಿಯೇ ಇತ್ತು. ಆದರೆ ಕಾಲಿನ ಕಡೆ ದಾರಕ್ಕೂ ಗುಂಡಿಯ ಅಂಚಿಗೂ ನಡುವೆ ಒಂದಡಿ ನೆಲ ಮುಟ್ಟದೆ ಉಳಿದಿತ್ತು. ಹುಲ್ಲು ಕೂಡ ಹಾಗೇ ಇತ್ತು. ಟೇಪು ಹಿಡಿದ: ಐದೂವರೆ. ಅಷ್ಟಕ್ಕೇ ನಿಲ್ಲಿಸಿದ್ದು ಯಾವಾಗ, ಯಾಕೆ ಎಂದು ಎಷ್ಟು ಯೋಚಿಸಿದರೂ ನೆನಪಿಗೆ ಬರಲಿಲ್ಲ. ಎರಡು ದಿನ ಆ ದಾರವನ್ನು ದಾಟಿ ಏಣಿ ಇಟ್ಟವನು, ದಾರದ ಪಕ್ಕದಲ್ಲೇ ಕುಳಿತು ಬುತ್ತಿ ತಿಂದವನು ಅವನೇ. ಹಲಗೆ ಮುಚ್ಚುವುದನ್ನೂ ಮರೆತು ಮನೆಯ ಕಡೆ ನಡೆದ.

ಅವನಿಗೆ ಭಯವಾದದ್ದಕ್ಕೆ ಇನ್ನೊಂದು ಕಾರಣವಿತ್ತು, ಅದನ್ನು ಅವನು ಯಾರ ಮುಂದೆಯೂ ಬಾಯಿಬಿಟ್ಟಿರಲಿಲ್ಲ. ನಾಲ್ಕು ವರ್ಷದ ಹಿಂದೆ ಒಂದು ಗುಂಡಿ ಹೀಗೇ ಅಳತೆ ತಪ್ಪಿತ್ತು, ಉದ್ದದಲ್ಲಲ್ಲ, ಅಗಲದಲ್ಲಿ. ಚರ್ಚಿನ ಗಂಟೆ ಬಾರಿಸುವವನು ಅವನ ಜೀವದ ಗೆಳೆಯ. ಬಾಗಿಲಲ್ಲಿ ಓರೆಯಾಗಿ ಒಳಬರುವಷ್ಟು ದಪ್ಪ ಆಸಾಮಿ. ಆರೂವರೆ ಅವನನ್ನು ಕರೆದು ಗುಂಡಿ ತೋರಿಸಿ, “ನಿಂಗೇ ಹೊಲಿಸಿದ ಹಾಗಿದೆ ನೋಡೋ” ಎಂದು ತಮಾಷೆ ಮಾಡಿದ್ದ. ಇಬ್ಬರೂ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದರು. ಒಂಬತ್ತನೆಯ ದಿನ ಗೆಳೆಯ ಗಂಟೆಯ ಹಗ್ಗ ಹಿಡಿದುಕೊಂಡೇ ಕುಸಿದಿದ್ದ. ಆ ಗುಂಡಿಯನ್ನು ಮತ್ತೆ ಅಗಲ ಮಾಡಬೇಕಾಗಿರಲಿಲ್ಲ.

ಐದೂವರೆ ಅಡಿ ಯಾರಿಗೆ ಎಂದು ಅವನಿಗೆ ಮಾರನೆಯ ದಿನ ಮನೆಯಲ್ಲಿ ತಿಳಿಯಿತು. ಶನಿವಾರ ಮಧ್ಯಾಹ್ನ ಅವಳು ಔಷಧಿಯ ಮಂಪರಿಗೆ ಮಂಚದ ಮೇಲೆ ಅಂಗಾತ ಮಲಗಿದ್ದಳು, ಎರಡು ಕೈಯನ್ನೂ ಎದೆಯ ಮೇಲೆ ಜೋಡಿಸಿಕೊಂಡು. ಫ್ಯಾನು ತಿರುಗುತ್ತಿತ್ತು. ಅವನು ಬಾಗಿಲಲ್ಲಿ ನಿಂತು ನೋಡುತ್ತಿದ್ದವನು, ಸ್ವಲ್ಪ ಹೊತ್ತಿನ ಮೇಲೆ ನೋಡಿದರೆ, ಮಂಚದ ಪಕ್ಕ ಮಂಡಿಯೂರಿ ಕುಳಿತು ಅವಳ ತಲೆಯಿಂದ ಕಾಲಿನವರೆಗೆ ಗೇಣು ಹಾಕುತ್ತಿದ್ದ. ಆರು ಗೇಣು, ಏಳನೆಯದು ನಡೆಯುತ್ತಿತ್ತು. ಕೈಯನ್ನು ಸರಕ್ಕನೆ ಹಿಂದಕ್ಕೆಳೆದುಕೊಂಡ. ಪೆಟ್ಟಿಗೆಯ ಹಲಗೆ, ಹಗ್ಗಕ್ಕೆ ಬೇಕಾದ ಜಾಗ ಎಲ್ಲ ಸೇರಿಸಿದರೆ ಲೆಕ್ಕ ಸರಿಯಾಗಿತ್ತು. ಹಿತ್ತಲಿಗೆ ಹೋಗಿ, ನಲ್ಲಿ ಬಿಟ್ಟು, ಮೊಣಕೈವರೆಗೂ ಕೈ ತೊಳೆದುಕೊಂಡ.

ಭಾನುವಾರ ಆರಾಧನೆ ಮುಗಿದ ಮೇಲೆ ಸಭೆಯವರೆಲ್ಲ ಅವಳನ್ನು ಸುತ್ತುವರಿದು ಧೈರ್ಯ ಹೇಳಿದರು. ದೇವರು ಕೊಟ್ಟ ಮಾತಿಗೆ ತಪ್ಪುವವನಲ್ಲ, ಕೈಬಿಡುವವನಲ್ಲ, ನಂಬಿಕೆ ಇಡಬೇಕು ಎಂದರು. ಅವಳು ಹೂಂ ಎಂದಳು. ಅವನೂ ತಲೆಯಾಡಿಸಿದ. ಒಳಗೆ ಮಾತ್ರ ಅವನಿಗೆ ಬೇರೆಯೇ ನಂಬಿಕೆ ಕುಳಿತಿತ್ತು. ದೇವರ ಮಾತನ್ನು ಅವನು ಕಿವಿಯಲ್ಲಿ ಕೇಳಿದ್ದ, ಅಷ್ಟೇ. ತನ್ನ ಕೈ ಸುಳ್ಳು ಹೇಳದೆ ಇದ್ದದ್ದನ್ನು ಕಣ್ಣಾರೆ ಕಂಡಿದ್ದ.

ಆ ಸಂಜೆ ಅವಳು ತಟ್ಟೆಗೆ ಬಡಿಸಿ, ಎದುರು ಕುಳಿತು, ಎಂದಿನ ಪ್ರಾರ್ಥನೆಗೆ ಬದಲು ಬೇರೇನೋ ಹೇಳತೊಡಗಿದಳು. ಕಣ್ಣು ಮುಚ್ಚಿ ಕೇಳುತ್ತಿದ್ದವನಿಗೆ ಆ ಮಾತುಗಳು ಎಲ್ಲಿಯವೆಂದು ತಕ್ಷಣ ಹೊಳೆಯಲಿಲ್ಲ. “ಈ ದೇಹವನ್ನು ನೆಲಕ್ಕೆ ಒಪ್ಪಿಸುತ್ತೇವೆ, ಆದರೆ” ಎಂದಳು. ತಟ್ಟೆ ಠಣ್ಣೆಂದು ನೆಲಕ್ಕೆ ಬಿತ್ತು. ಅವನ ಎರಡು ಕೈಯೂ ಮೇಜಿನ ಮೇಲೆ ಎದ್ದು ನಿಂತಿದ್ದವು, ಬಲಗೈ ಮೇಲೆ, ಎಡಗೈ ಕೆಳಗೆ, ಸಲಿಕೆಯ ಹಿಡಿ ಹಿಡಿದ ಹಾಗೆ.

“ಏನ್ರೀ ಅದು?” ಎಂದಳು ಅವಳು.

“ಅದನ್ನ ಮನೇಲಿ ಹೇಳ್ಬೇಡ.”

“ಯಾಕೆ ಹೇಳ್ಬಾರ್ದು? ನಮ್ಮ ತವರೂರಿನ ಚರ್ಚಲ್ಲಿ ಅಮ್ಮನ ಜೊತೆ ಹಾಡೋ ಗುಂಪಲ್ಲಿ ನಿಂತು ಕೇಳಿ ಕೇಳಿ ಬಾಯಿಪಾಠ ಆಗಿದೆ. ಸತ್ತವರಿಗೆ ಅಂತ ಓದ್ತಾರೆ, ಅವರಿಗೆಲ್ಲಿ ಕೇಳ್ಸುತ್ತೆ? ಬದುಕಿರುವಾಗ ಕೇಳಿಸ್ಕೊಂಡ್ರೆ ಉಪಯೋಗ.”

“ಹೇಳ್ಬೇಡ ಅಂದ್ರೆ ಹೇಳ್ಬೇಡ ಕಣೇ.”

ಇಪ್ಪತ್ತೆಂಟು ವರ್ಷದ ಸಂಸಾರದಲ್ಲಿ ಅವನು ಅವಳಿಗೆ ದನಿ ಏರಿಸಿದ್ದು ಕಡಿಮೆ. ಅವಳು ಸಿಟ್ಟಾಗಲಿಲ್ಲ, ಅವನ ಕೈಯನ್ನೇ ನೋಡಿದಳು. ಆಮೇಲೆ ಬಾಯೊಳಗೇ ಹೇಳಿಕೊಳ್ಳತೊಡಗಿದಳು, ತುಟಿ ಮಾತ್ರ ಅಲುಗಾಡುವಂತೆ. ಮೆಷಿನ್ ತುಳಿಯುವಾಗ, ಅಂಗಿಯ ಗುಂಡಿಗೆ ಕಾಜ ಮಾಡುವಾಗ, ಬಟ್ಟೆ ಮಡಿಸುವಾಗ ಅವಳ ತುಟಿ ಅಲುಗುತ್ತಿತ್ತು. ಯಾವ ಮಾತಿನವರೆಗೆ ಬಂದಿದ್ದಾಳೆಂದು ಅವನಿಗೆ ಕೇಳಿಸುತ್ತಿರಲಿಲ್ಲ. ಆದರೂ ಇದ್ದಕ್ಕಿದ್ದ ಹಾಗೆ ಅವನ ಕೈ ಜುಮ್ಮೆಂದು ಮೇಲೇಳುತ್ತಿತ್ತು. ಹಾಗೆ ಎದ್ದಾಗ ಅವಳು ಎಲ್ಲಿದ್ದಾಳೆಂದು ಅವನಿಗೆ ಗೊತ್ತಾಗುತ್ತಿತ್ತು. ಹಗಲೆಲ್ಲ ಕೈಯನ್ನು ಜೇಬಿನಲ್ಲಿಟ್ಟುಕೊಂಡು ತಿರುಗಿದ.

ಸ್ಮಶಾನದಲ್ಲಿ ಅವನು ಹೊಸ ಕೆಲಸ ಹಚ್ಚಿಕೊಂಡ. ಅಂಥದೊಂದು ಗುಂಡಿ ಇರಲೇಬಾರದೆಂದು ಐದೂವರೆಯ ಗುಂಡಿಯನ್ನು ಮುಚ್ಚಿದ. ಹತ್ತು ಮಾರು ಆಚೆ, ಗೋಡೆಯ ಬದಿಯಲ್ಲಿ, ಹೊಸದಾಗಿ ಗೂಟ ಹೊಡೆದು ತೋಡಿದ. ಈ ಸಲ ಎಚ್ಚರ ತಪ್ಪಬಾರದೆಂದು ಪ್ರತಿ ಸಲಿಕೆಯನ್ನೂ ಬಾಯಿಬಿಟ್ಟು ಎಣಿಸಿದ. ಐನೂರ ಹನ್ನೊಂದರವರೆಗೆ ಎಣಿಸಿದ್ದು ನೆನಪಿತ್ತು. ಮೇಲೆ ಬಂದು ಅಳೆದರೆ ಐದೂವರೆ. ಅದನ್ನೂ ಮುಚ್ಚಿದ. ಮತ್ತೆ ತೋಡಿದ. ಅಂಗೈಯ ದಡ್ಡು ಒಡೆದು ರಕ್ತ ಬಂತು. ಬೇಲಿಯಾಚೆಯಿಂದ ಹೋಗುವವರಿಗೆ, ಯಾರೂ ಸಾಯದೆ ಇದ್ದರೂ ಸ್ಮಶಾನದಲ್ಲಿ ಎರಡು ದಿನಕ್ಕೊಂದು ಹಸಿ ಮಣ್ಣಿನ ದಿಬ್ಬ ಏಳುವುದು ಕಾಣುತ್ತಿತ್ತು. ಯಾರನ್ನು ಹೂಳುತ್ತಿದ್ದಾನೆ ಇವನು ಎಂದು ಒಬ್ಬರು ಪಾಸ್ಟರನ್ನು ಕೇಳಿಯೂ ಬಿಟ್ಟರು.

ಪಾಸ್ಟರು ಅವನನ್ನು ಕೇಳಲಿಲ್ಲ, ಅವಳಿಗೆ ಹೇಳಿದರು. ಅವಳು ಹೊಲಿಗೆ ಬಿಟ್ಟು, ನೋವಿನ ಹೊಟ್ಟೆಯನ್ನು ಒಂದು ಕೈಯಲ್ಲಿ ಒತ್ತಿ ಹಿಡಿದುಕೊಂಡು ಮಧ್ಯಾಹ್ನ ಹನ್ನೆರಡಕ್ಕೆ ಸ್ಮಶಾನಕ್ಕೆ ನಡೆದು ಬಂದಳು. ಅವನು ಗುಂಡಿಯೊಳಗಿದ್ದ. ಮೇಲೆ ನೆರಳು ಬಿದ್ದಾಗ ತಲೆಯೆತ್ತಿದ. ಗುಂಡಿಯ ಅಂಚಿನಲ್ಲಿ ಅವಳು ನಿಂತಿದ್ದಳು.

“ಹಿಂದೆ ಸರಿಯೇ ಇವಳೇ. ಅಂಚು ಕುಸಿಯುತ್ತೆ.”

“ಇದು ನಂದಾ?” ಎಂದಳು.

ಅವನು ಸುಳ್ಳು ಹೇಳಬಹುದಿತ್ತು. ಆಗಲಿಲ್ಲ. ಗಂಟೆಯವನ ಕಥೆಯಿಂದ ಹಿಡಿದು ಮಂಚದ ಪಕ್ಕ ಗೇಣು ಹಾಕಿದ್ದರವರೆಗೆ, ಗುಂಡಿಯೊಳಗೆ ನಿಂತೇ, ಎಲ್ಲವನ್ನೂ ಹೇಳಿದ. ಅವಳ ಮುಖ ಬಿಳುಚಿಕೊಂಡದ್ದು ಅವನಿಗೆ ಕೆಳಗಿನಿಂದ ಚೆನ್ನಾಗಿ ಕಾಣುತ್ತಿತ್ತು.

“ನಂಗೂ ಭಯ ಇದೆ,” ಎಂದಳು. “ಸಭೇಲಿ ಎಲ್ಲರ ಮುಂದೆ ಹೂಂ ಹೂಂ ಅಂತೀನಿ, ಆದ್ರೆ ಬೆಳಿಗ್ಗೆ ಎದ್ದ ತಕ್ಷಣ ಹೊಟ್ಟೆ ಮುಟ್ಟಿ ನೋಡ್ಕೊಳ್ತೀನಿ. ಅದಕ್ಕೇ ಆ ಮಾತು ಹೇಳ್ಕೊಳ್ಳೋದು. ಅದೊಂದು ಬಿಟ್ರೆ ನನ್ನ ಹತ್ರ ಬೇರೆ ಏನಿದೆ?”

“ಅದನ್ನ ಕೇಳಿದ್ರೆ ನನ್ನ ಕೈ ಮಣ್ಣು ಹಾಕಕ್ಕೆ ಏಳುತ್ತೆ ಕಣೇ. ನಿನ್ನ ಮೇಲೇ ಮಣ್ಣು ಹಾಕಕ್ಕೆ.”

“ಆದರೆ ಅಂದ ಮೇಲೆ ಏನು ಬರುತ್ತೆ, ಹೇಳಿ ನೋಡೋಣ.”

ಅವನು ಸಲಿಕೆಯ ತುದಿಯಿಂದ ಕಾಲಬುಡದ ಮಣ್ಣು ಕೆರೆದ.

“ಗೊತ್ತಿಲ್ವಾ?”

“ಕೇಳ್ಸಲ್ಲ. ಮಣ್ಣು ಬೀಳ್ತಿರುತ್ತೆ.”

ಅವಳು ನಗಬೇಕೋ ಅಳಬೇಕೋ ತಿಳಿಯದೆ ಅಲ್ಲೇ ಮಣ್ಣಿನ ರಾಶಿಯ ಮೇಲೆ ಕುಳಿತುಬಿಟ್ಟಳು. “ಮೂವತ್ತೊಂದು ವರ್ಷ ಅಲ್ಲೇ ನಿಂತಿದ್ದು, ಅರ್ಧ ಕೇಳಿಸ್ಕೊಂಡು ಬಂದಿದೀರಲ್ಲ ಮಾರಾಯ್ರೇ! ನಿಮ್ಮ ಕೈಗೆ ಗೊತ್ತಿರೋದೂ ಅಷ್ಟೇನೇ, ಮಣ್ಣು ಹಾಕೋವರೆಗೆ. ಗುಂಡಿ ನಂದೇ ಇರಬಹುದು. ಇವತ್ತಲ್ಲದಿದ್ರೆ ಇನ್ನೊಂದು ದಿನ ನಂಗೂ ಒಂದು ಬೇಕಲ್ಲ. ಅದು ನಿಮ್ಮ ಕೈಗೆ ಬಿಟ್ಟ ವಿಷಯ. ಮುಂದಿಂದು ನಿಮ್ಮ ಕೈಗೆ ಯಾರೂ ಹೇಳಿಲ್ಲ.”

“ಏನದು ಮುಂದಿಂದು?”

“ನಾನು ಹೇಳಲ್ಲ. ಕೈಲಿ ಸಲಿಕೆ ಇಲ್ದೆ ನಿಂತು ಕೇಳಿ.”

ಅವಳು ಪಕ್ಕದಲ್ಲಿ ಬಿದ್ದಿದ್ದ ತನ್ನ ಟೇಪನ್ನು ಎತ್ತಿಕೊಂಡು ಒಂದು ತುದಿಯನ್ನು ತಾನು ಹಿಡಿದು, ಇನ್ನೊಂದನ್ನು ಅವನತ್ತ ಎಸೆದಳು. ಕಾಲಿನ ಕಡೆ ದಾರದವರೆಗೆ ಇನ್ನೂ ಒಂದಡಿ ಉಳಿದಿತ್ತು. ಅವನು ಕಡಿಯುತ್ತಾ ಹೋದ, ಅವಳು ಮೇಲೆ ಕುಳಿತು ಅಂಗಿಯ ಅಂಚು ಹಿಡಿದವಳಂತೆ ಟೇಪು ಹಿಡಿದು, ಇನ್ನೂ ನಾಲ್ಕಿಂಚು, ಇನ್ನೂ ಎರಡು ಎಂದು ಹೇಳುತ್ತಾ ಹೋದಳು. ಆರೂವರೆಗೆ ಮುಟ್ಟಿದಾಗ ಗಂಟೆ ಮೂರಾಗಿತ್ತು. ಅಲ್ಲಿಂದ ಮನೆಗೆ ಇಬ್ಬರೂ ಒಟ್ಟಿಗೆ ನಡೆದು ಬಂದರು.

ಆಪರೇಷನ್ನಿಗೆ ಎರಡು ದಿನವಿರುವಾಗ ಶಾಲೆಯ ಹಳೆಯ ಟೀಚರಮ್ಮ ತೀರಿಕೊಂಡರು. ಗುಂಡಿ ಸರಿಹೋಯಿತು, ಪೆಟ್ಟಿಗೆ ಒಂದೇ ಸಲಕ್ಕೆ ಇಳಿಯಿತು. ಪಾಸ್ಟರು ಪುಸ್ತಕ ತೆರೆದರು. ಆರೂವರೆ ಎಂದಿನ ಜಾಗದಲ್ಲೇ ನಿಂತಿದ್ದ, ಆದರೆ ಸಲಿಕೆಯನ್ನು ಗೋಡೆಗೆ ಒರಗಿಸಿ ಬಂದಿದ್ದ. ಎರಡು ಕೈಯನ್ನೂ ಕಂಕುಳಲ್ಲಿ ಸಿಕ್ಕಿಸಿಕೊಂಡಿದ್ದ. “ಈ ದೇಹವನ್ನು ನೆಲಕ್ಕೆ ಒಪ್ಪಿಸುತ್ತೇವೆ, ಆದರೆ” ಎಂದರು ಪಾಸ್ಟರು. ಕೈ ಮೇಲೇಳಲು ಎಳೆಯಿತು. ಅವನು ಬಿಗಿಹಿಡಿದು ನಿಂತ.

ಮಣ್ಣು ಬೀಳಲಿಲ್ಲ. ಸುತ್ತ ನಿಂತವರೆಲ್ಲ ತಿರುಗಿ ನೋಡಿದರು. ಗಾಳಿಗೆ ಪುಸ್ತಕದ ಹಾಳೆ ಪಟಪಟ ಎನ್ನುವುದು ಬಿಟ್ಟರೆ ಸದ್ದೇ ಇಲ್ಲ. ಪಾಸ್ಟರಿಗೆ ದಿಕ್ಕು ತಪ್ಪಿದ ಹಾಗಾಯಿತು. ಮುಂದಿನ ಭಾಗ ಯಾರಿಗೂ ಕೇಳಿಸುವುದಿಲ್ಲ ಎಂಬ ಧೈರ್ಯದಲ್ಲಿ ಅವರು ಎಷ್ಟೋ ವರ್ಷದಿಂದ ಅದನ್ನು ಗೊಣಗಿ ಮುಗಿಸುತ್ತಿದ್ದರು. ಈಗ ಸಾಲು ಹುಡುಕಿ, ಗಂಟಲು ಸರಿಮಾಡಿಕೊಂಡು, ಗಟ್ಟಿಯಾಗಿ ಓದಬೇಕಾಯಿತು. “ಆದರೆ ನೆಲವು ಇವರನ್ನು ಇಟ್ಟುಕೊಳ್ಳಲಾರದು. ಮಾತು ಕೊಟ್ಟವನು ಬರುವನು. ಮಲಗಿದ ಒಬ್ಬೊಬ್ಬರ ಬಳಿಯೂ ಬಗ್ಗಿ, ಹೆಸರು ಹಿಡಿದು ಕರೆಯುವನು. ಕರೆದಾಗ ಏಳುವರು.”

ಮುಗಿಯಿತು, ಅಷ್ಟೇ ಇದ್ದದ್ದು. ಅವನು ಹೋಗಿ ಸಲಿಕೆ ತಂದು ತನ್ನ ಕೆಲಸ ಮಾಡಿದ.

ಅಂದಿನಿಂದ ಅವನಿಗೆ ನಂಬಿಕೆ ಬಂತೆಂದು ಹೇಳಿದರೆ ಸುಳ್ಳಾಗುತ್ತದೆ. ಮಾತು ಚೆನ್ನಾಗಿತ್ತು ಎನಿಸಿತು. ಆದರೆ ಅವನು ಸಾವಿರದ ಹತ್ತಿರ ಜನರನ್ನು ಮಲಗಿಸಿದ್ದ, ದಿನವೂ ಅವರ ನಡುವೆಯೇ ತಿರುಗಾಡುತ್ತಿದ್ದ. ಒಬ್ಬರೂ ಎದ್ದದ್ದನ್ನು ಕಂಡಿರಲಿಲ್ಲ. ಹೆಂಡತಿ ಏನೂ ಕೇಳಲಿಲ್ಲ. ಆಪರೇಷನ್ನಿನ ಬೆಳಿಗ್ಗೆ ಅವಳನ್ನು ಸ್ಟ್ರೆಚರಿನಲ್ಲಿ ತಳ್ಳಿಕೊಂಡು ಹೋಗುವಾಗ ಬಾಗಿಲ ಬಳಿ ಅವನ ಎರಡು ಕೈಯನ್ನೂ ಹಿಡಿದುಕೊಂಡು, “ಹೇಳಿ” ಎಂದಳು. ಅವನು ಹೇಳಿದ, ಆದರೆಯವರೆಗೆ ಒಂದೇ ಉಸಿರಿಗೆ. ಅಲ್ಲಿ ಅವನ ಕೈ ಮೇಲೇಳಲು ಎಳೆದದ್ದು ಅವಳಿಗೂ ತಿಳಿಯಿತು. ಬಿಡಲಿಲ್ಲ. ಅವನು ತೊದಲುತ್ತಾ ಉಳಿದದ್ದನ್ನೂ ಹೇಳಿ ಮುಗಿಸಿದ. ಬಾಗಿಲು ಮುಚ್ಚಿತು.

ನಾಲ್ಕೂವರೆ ಗಂಟೆ ಅವನು ಕಾರಿಡಾರಿನ ಬೆಂಚಿನ ಮೇಲೆ ಕುಳಿತಿದ್ದ. ನೆಲ ಒರೆಸುವ ಹೆಂಗಸು ಅವನನ್ನು ಗುರುತು ಹಿಡಿದು, ಆ ಬೆಂಚಿನ ಸುತ್ತ ಒರೆಸದೆ ಬಳಸಿಕೊಂಡು ಹೋದಳು. ಬಾಗಿಲಿನಿಂದ ಒಂದು ಸಲ ಖಾಲಿ ಸ್ಟ್ರೆಚರು ಹೊರಬಂತು. ಅದರ ಉದ್ದ ಎಷ್ಟೆಂದು ಅವನಿಗೆ ಬೇಡವೆಂದರೂ ಗೊತ್ತಾಯಿತು. ಕೊನೆಗೆ ಡಾಕ್ಟರು ಬಂದರು.

“ತೆಗೆಯೋಷ್ಟು ತೆಗ್ದಿದೀವಿ. ಪರೀಕ್ಷೆಗೆ ಕಳಿಸ್ಬೇಕು. ಆರು ತಿಂಗಳು ನೋಡ್ದೆ ಏನೂ ಹೇಳಕ್ಕಾಗಲ್ಲ,” ಎಂದು ಹೋದರು.

ಒಳಗೆ ಬಿಟ್ಟಾಗ ಅವಳು ಕುತ್ತಿಗೆಯವರೆಗೆ ಬಿಳಿ ಹೊದಿಕೆ ಹೊದ್ದು ಅಂಗಾತ ಮಲಗಿದ್ದಳು. ಬಾಯಿ ಸ್ವಲ್ಪ ತೆರೆದಿತ್ತು, ಮುಖದಲ್ಲಿ ಬಣ್ಣವಿರಲಿಲ್ಲ. ಅಂಥ ಮುಖಗಳನ್ನು ಅವನು ಮುಚ್ಚಳ ಹಾಕುವ ಮುಂಚೆ ಎಷ್ಟೋ ನೋಡಿದ್ದ. ಉಸಿರಾಡುತ್ತಿದ್ದಾಳೆ ಎಂದು ಪಕ್ಕದ ಮೆಷಿನ್ನು ಹೇಳುತ್ತಿತ್ತು; ಅವನ ಕಣ್ಣಿಗೆ ಕಾಣುತ್ತಿರಲಿಲ್ಲ. ಐದೂವರೆ ಎಂದಿತು ಒಳಗಿನಿಂದ ಏನೋ ಒಂದು.

ನರ್ಸು ಮಂಚದ ಪಕ್ಕಕ್ಕೆ ಬಂದು, ಬಗ್ಗಿ, ಅವಳ ಕಿವಿಯ ಹತ್ತಿರ ಬಾಯಿಟ್ಟು ಹೆಸರು ಹಿಡಿದು ಕರೆದಳು. ಆರೂವರೆ ಎಡವಿ ಗೋಡೆ ಹಿಡಿದುಕೊಂಡ. ನರ್ಸು ಇನ್ನೊಮ್ಮೆ ಕರೆದಳು. ಕೆನ್ನೆ ತಟ್ಟಿ ಮತ್ತೆ ಕರೆದಳು. ಅವಳು ಮಿಸುಕಲಿಲ್ಲ. ನರ್ಸು ಗಡಿಯಾರ ನೋಡಿದಳು, ಮೆಷಿನ್ನು ನೋಡಿದಳು. ಅವಳ ದನಿ ಬದಲಾಗಿತ್ತು.

“ಇಷ್ಟೊತ್ತಿಗೆ ಏಳ್ಬೇಕಿತ್ತು. ನೀವು ಕರೀರಿ. ಮನೆಯವರ ದನಿಗೆ ಬೇಗ ಏಳ್ತಾರೆ.”

“ಇವಳೇ,” ಎಂದ ಅವನು.

“ಹೆಸರು ಹಿಡಿದು ಕರೀರಿ ಅಣ್ಣಾ. ಇವಳೇ ಅಂದ್ರೆ ಯಾರಿಗೆ ಅಂತ ಏಳ್ತಾರೆ?”

ಮದುವೆಯಾಗಿ ಇಪ್ಪತ್ತೆಂಟು ವರ್ಷ ಅವನು ಹೆಂಡತಿಯ ಹೆಸರು ಬಾಯಲ್ಲಿ ತಂದವನಲ್ಲ. ಇವಳೇ, ನೋಡಿಲ್ಲಿ, ಕೇಳಿಸ್ತಾ ಎನ್ನುವುದರಲ್ಲೇ ಸಂಸಾರ ನಡೆದಿತ್ತು. ಈಗ ನಾಲಿಗೆ ಹೊರಳಲಿಲ್ಲ. ಅವನು ನರ್ಸು ಬಗ್ಗಿದ ಹಾಗೇ ಬಗ್ಗಿದ. ಮೊದಲ ಸಲ ಬರಿಯ ಗಾಳಿ ಬಂತು. ಎರಡನೆಯ ಸಲ ಹೆಸರು ಬಂತು, ಅವನದಲ್ಲದ ಯಾವುದೋ ದಪ್ಪ ದನಿಯಲ್ಲಿ.

ರೆಪ್ಪೆ ಅಲುಗಿತು. ನಿಂತಿತು. ಮತ್ತೆ ಅಲುಗಿತು. ಬಹಳ ದೂರದಿಂದ ಮೇಲೆ ಬರುವವಳಂತೆ ಅವಳು ನಿಧಾನವಾಗಿ ಕಣ್ಣು ಬಿಟ್ಟು, ಅವನ ಮುಖದ ಮೇಲೆ ನೋಟ ನಿಲ್ಲಿಸಿದಳು.

“ಯಾರು ಕರೆದಿದ್ದು?”

“ನಾನೇ.”

“ನೀವಾ?” ಎಂದಳು, ನಂಬದವಳಂತೆ. ಒಣಗಿದ ತುಟಿಯ ಒಂದು ಮೂಲೆಯಲ್ಲಿ ಹಳೆಯ ನಗೆ ಕಂಡಿತು.

ಅವನು ಮಂಚದ ಕಂಬಿ ಹಿಡಿದುಕೊಂಡು ಅಲ್ಲೇ ಕುಕ್ಕರಿಸಿದ. ಆರು ತಿಂಗಳೋ, ಹತ್ತು ವರ್ಷವೋ, ಅವನಿಗೆ ಗೊತ್ತಿರಲಿಲ್ಲ, ಯಾರಿಗೂ ಗೊತ್ತಿರಲಿಲ್ಲ. ಗೋಡೆಯ ಬದಿಯ ಗಂಟೆಯವನು, ಮೊನ್ನೆಯ ಟೀಚರಮ್ಮ, ಓರೆಯಾಗಿ ಇಳಿದ ಪೋಸ್ಟ್‌ಮಾಸ್ಟರು, ಎಲ್ಲರೂ ಸಾಲಾಗಿ ಅವನ ಕಣ್ಣಮುಂದೆ ಬಂದರು. ಮೂವತ್ತೊಂದು ವರ್ಷದ ನಂತರ ಅವನಿಗೆ ಅವರೆಲ್ಲರಿಗಾಗಿ ಒಟ್ಟಿಗೆ ಅಳು ಬಂತು. ಅವರು ಎದ್ದಿಲ್ಲ, ನಿಜ. ಅವರನ್ನು ಇನ್ನೂ ಕರೆದಿಲ್ಲ, ಅಷ್ಟೇ.